ಕಾರ್ಟೂನು, ವಾದ್ಯವೃಂದ ಮತ್ತು ಬಾಲ್ಯದ ನೆನಪು

ಪದವಿ ತರಗತಿಯಲ್ಲಿ ಧ್ವನಿವಿಜ್ಞಾನದ ಪಾಠ ಆರಂಭಿಸುವ ದಿನ ನಾನೊಂದು ಸಣ್ಣ ಪ್ರಯೋಗ ಮಾಡುವುದುಂಟು. ಪರದೆಯ ಮೇಲೆ ಏನನ್ನೂ ತೋರಿಸದೆ, ಯೊಹಾನ್ ಸ್ಟ್ರೌಸ್ ರಚಿಸಿದ 'ಡೀ ಫ್ಲೇಡರ್‌ಮಾವ್ಸ್' ಎಂಬ ಸಂಗೀತನಾಟಕದ ಪೀಠಿಕಾ ಸಂಗೀತವನ್ನು ಹತ್ತು ಹದಿನೈದು ಸೆಕೆಂಡು ಕೇಳಿಸುತ್ತೇನೆ. ಅದು ಮೊದಲು ರಂಗಕ್ಕೆ ಬಂದದ್ದು 1874ರಲ್ಲಿ, ವಿಯೆನ್ನಾದಲ್ಲಿ. ಇದು ಯಾರ ಸಂಗೀತ ಎಂದು ಕೇಳಿದರೆ ಉತ್ತರವಿಲ್ಲ. ಪಾಶ್ಚಾತ್ಯ ವಾದ್ಯವೃಂದದ ಕಛೇರಿಗೆ ಹೋದವರು ತರಗತಿಯಲ್ಲಿ ಒಬ್ಬರೂ ಇರುವುದಿಲ್ಲ. ಆದರೂ ಎರಡನೆಯ ಬೆಂಚಿನಿಂದ ಯಾರೋ ನಗಲು ಶುರುಮಾಡುತ್ತಾರೆ. "ಸರ್, ಟಾಮ್ ಅಂಡ್ ಜೆರ್ರಿ!" "ಬೆಕ್ಕು ಕೋಟು ಹಾಕ್ಕೊಂಡು ಕೋಲು ಬೀಸುತ್ತಲ್ಲ ಸರ್, ಅದು." ಒಮ್ಮೆ ಒಬ್ಬ ಹುಡುಗ, ಕೇಳದಿದ್ದರೂ, ಮುಂದುವರಿಸಿದ: "ಅಜ್ಜಿ ಮನೇಲಿ ತಟ್ಟೆ ಹಿಡ್ಕೊಂಡು ನೋಡ್ತಿದ್ದೆ ಸರ್. ಅನ್ನ ಆರಿಹೋಗ್ತಿತ್ತು. ಅಜ್ಜಿ ಬೈತಿದ್ರು."

ಅವನು ಹೇಳುತ್ತಿದ್ದ ಕಾರ್ಟೂನು 1950ರದು. ಹೆಸರು 'ಟಾಮ್ ಅಂಡ್ ಜೆರ್ರಿ ಇನ್ ದ ಹಾಲಿವುಡ್ ಬೌಲ್'. ಅದರಲ್ಲಿ ಟಾಮ್ ವಾದ್ಯವೃಂದದ ನಿರ್ದೇಶಕ. ತಾನೂ ಕೋಲು ಬೀಸಬೇಕೆಂದು ಜೆರ್ರಿಯ ಹಟ. 1995ರಲ್ಲಿ ಕಾರ್ಟೂನ್ ನೆಟ್‌ವರ್ಕ್ ವಾಹಿನಿ ಭಾರತಕ್ಕೆ ಬಂದಮೇಲೆ ಇಂಥ ಹಳೆಯ ಚಿತ್ರಗಳು ನಮ್ಮ ಹಳ್ಳಿಗಳ ಪಡಸಾಲೆಯನ್ನೂ ತಲಪಿದವು. ಹೀಗಾಗಿ ನಮ್ಮ ಒಂದಿಡೀ ತಲೆಮಾರಿನ ಮಕ್ಕಳು ಪಿಟೀಲು, ಬಸೂನ್, ಜೈಲೊಫೋನ್‌ಗಳು ಕೂಡಿದ ದೊಡ್ಡ ವಾದ್ಯವೃಂದವನ್ನು ಮೊದಲು ಕೇಳಿದ್ದು ಬೆಕ್ಕು-ಇಲಿಯ ಜಗಳದ ಹಿನ್ನೆಲೆಯಾಗಿ. ಅವರಿಗೆ ಅದು ಸಂಗೀತವೆಂದೇ ಅನ್ನಿಸಿರಲಿಕ್ಕಿಲ್ಲ. ಬೆಕ್ಕು ಓಡುವ ಸದ್ದು ಅನ್ನಿಸಿರಬೇಕು.

ವಿಯೆನ್ನಾದ ಹದಿನೈದು ಸೆಕೆಂಡಿನ ಸಂಗೀತ ಅಜ್ಜಿಯ ಮನೆಯ ಆರಿದ ಅನ್ನವನ್ನು ಎಳೆದು ತರುವುದು ಹೇಗೆ? ಚಿತ್ರ ಮತ್ತು ಸಂಗೀತ ಎರಡೂ ಇದ್ದರೆ ನೆನಪು ಗಟ್ಟಿಯಾಗುತ್ತದೆ ಎಂದಷ್ಟೇ ಹೇಳಿದರೆ ಸಾಲದು. ಸಿನಿಮಾ ಹಾಡುಗಳಲ್ಲೂ ಎರಡೂ ಇವೆ. ಆದರೆ ನಟರ ಪ್ರತಿ ಚಲನೆಯನ್ನೂ ಸಂಗೀತದ ಪೆಟ್ಟಿಗೆ ಕರಾರುವಾಕ್ಕಾಗಿ ಕೂಡಿಸುವುದು ಕಷ್ಟ. ಅನಿಮೇಷನ್‌ನಲ್ಲಿ ಕಾಲು ಯಾವ ಕ್ಷಣದಲ್ಲಿ ನೆಲ ಮುಟ್ಟಬೇಕು, ಬಾಣಲೆ ಯಾವ ಕ್ಷಣದಲ್ಲಿ ತಲೆಗೆ ಬಡಿಯಬೇಕು ಎಂಬುದನ್ನು ಸೆಕೆಂಡಿನ ಇಪ್ಪತ್ತನಾಲ್ಕನೇ ಒಂದು ಭಾಗದ ನಿಖರತೆಯಲ್ಲಿ ಮೊದಲೇ ಗೊತ್ತುಮಾಡಬಹುದು. ಈ ಸಮಯಪಾಲನೆಯೇ ಚಿತ್ರವನ್ನೂ ಸದ್ದನ್ನೂ ಮಿದುಳಿನಲ್ಲಿ ಒಂದೇ ಘಟನೆಯಾಗಿ ಹೊಲಿಯುವ ದಾರ ಎಂಬುದು ನನ್ನ ವಾದ. ಅದನ್ನು ಸಾಧಿಸಿದವರ ಲೆಕ್ಕಾಚಾರ ಭೌತವಿಜ್ಞಾನದ ವಿದ್ಯಾರ್ಥಿಗಳಿಗೆ ರುಚಿಸುವಂಥದು.

ಫ್ರೇಮುಗಳ ಲೆಕ್ಕ

ಧ್ವನಿಸಹಿತ ಚಲನಚಿತ್ರ ಸೆಕೆಂಡಿಗೆ 24 ಫ್ರೇಮುಗಳಂತೆ ಓಡುತ್ತದೆ. ಅಂದರೆ ಮಿನಿಟಿಗೆ 1440. ಏಳು ಮಿನಿಟಿನ ಕಾರ್ಟೂನಿಗೆ 10,080 ಫ್ರೇಮುಗಳು. ಪ್ರತಿ ಚಿತ್ರವನ್ನು ಎರಡು ಫ್ರೇಮುಗಳಿಗೆ ಬಳಸುವುದು ವಾಡಿಕೆಯಾದ್ದರಿಂದ ಸುಮಾರು ಐದು ಸಾವಿರ ಹಂತಗಳನ್ನು ಕೈಯಲ್ಲಿ ಬರೆಯಬೇಕು.

ಈಗ ತಾಳದ ಒಂದು ಪೆಟ್ಟಿನಿಂದ ಇನ್ನೊಂದಕ್ಕೆ 12 ಫ್ರೇಮುಗಳ ಅಂತರವಿದೆ ಎನ್ನೋಣ. ಆಗ ಮಿನಿಟಿಗೆ 1440/12 = 120 ಪೆಟ್ಟು; ಚುರುಕಾದ ನಡಿಗೆಯ ಲಯ. ಅಂತರ 8 ಫ್ರೇಮಾದರೆ 180 ಪೆಟ್ಟು. ಬೆಕ್ಕು ಅಟ್ಟಿಸಿಕೊಂಡು ಓಡುವ ಲಯ. 24 ಫ್ರೇಮಾದರೆ 60, ಗೋಡೆಯ ಗಡಿಯಾರ. ಇಲ್ಲೊಂದು ತೊಡಕಿದೆ. 12 ಫ್ರೇಮಿನಿಂದ 11ಕ್ಕೆ ಇಳಿದರೆ ಲಯ 120ರಿಂದ ಒಮ್ಮೆಲೇ 131ರ ಹತ್ತಿರಕ್ಕೆ ಜಿಗಿಯುತ್ತದೆ. ನಡುವಿನ ಲಯ ಬೇಕಾದರೆ? ಸಂಗೀತಗಾರರು ಫ್ರೇಮನ್ನೇ ಎಂಟು ಭಾಗ ಮಾಡಿ 'ಹನ್ನೊಂದೂ ನಾಲ್ಕು', 'ಹನ್ನೆರಡೂ ಮೂರು' ಎಂದು ಲಯವನ್ನು ಹೇಳುವ ಪದ್ಧತಿ ಮಾಡಿಕೊಂಡರು. ನಮ್ಮ ಪ್ರಯೋಗಾಲಯದ ವರ್ನಿಯರ್ ಅಳತೆಪಟ್ಟಿಯನ್ನು ನೆನಪಿಸುವ ಉಪಾಯ.

ಈ ಲೆಕ್ಕ ಮೊದಲು ಹೊಳೆದದ್ದು ವಾಲ್ಟ್ ಡಿಸ್ನಿಯ ಚಿಕ್ಕ ತಂಡಕ್ಕೆ, 1928ರಲ್ಲಿ, 'ಸ್ಟೀಮ್‌ಬೋಟ್ ವಿಲ್ಲಿ' ಚಿತ್ರ ಮಾಡುವಾಗ. ತಂಡದಲ್ಲಿ ಸಂಗೀತ ಕಲಿತವರಿರಲಿಲ್ಲ. ವಿಲ್ಫ್ರೆಡ್ ಜಾಕ್ಸನ್ ಎಂಬ ತರುಣನ ತಾಯಿ ಪಿಯಾನೊ ಪಾಠ ಹೇಳುತ್ತಿದ್ದರು. ಅವನಿಗೆ ಮೆಟ್ರೊನೋಮ್, ಅಂದರೆ ತಾಳ ತೋರುವ ಲೋಲಕ, ಪರಿಚಿತ. ಅದರ ಪೆಟ್ಟನ್ನು ಫ್ರೇಮಿಗೆ ಪರಿವರ್ತಿಸಿದರೆ ಚಿತ್ರ ಬರೆಯುವ ಮೊದಲೇ ಸಂಗೀತಕ್ಕೆ ಜಾಗ ಕಾದಿರಿಸಬಹುದೆಂದು ಅವನು ತೋರಿಸಿಕೊಟ್ಟ. ಆದರೂ ನ್ಯೂಯಾರ್ಕಿನಲ್ಲಿ ಧ್ವನಿಮುದ್ರಣದ ಮೊದಲ ಯತ್ನ ಕೆಟ್ಟಿತು. ವಾದ್ಯಗಾರರು ಚಿತ್ರದ ವೇಗಕ್ಕೆ ಕೂಡಿಬರಲಿಲ್ಲ. ಆಮೇಲೆ ಫಿಲ್ಮಿನ ಮೇಲೆಯೇ ಪುಟಿಯುವ ಚೆಂಡೊಂದನ್ನು ಮೂಡಿಸಿ, ನಿರ್ದೇಶಕ ಅದನ್ನು ನೋಡುತ್ತ ತಾಳ ಹಾಕುವಂತೆ ಮಾಡಿದರು. ಮುಂದಿನ ವರ್ಷ, 'ಸ್ಕೆಲಿಟನ್ ಡಾನ್ಸ್' ಚಿತ್ರದ ಹೊತ್ತಿಗೆ, ಕಾರ್ಲ್ ಸ್ಟಾಲಿಂಗ್ ವಾದ್ಯಗಾರರ ಕಿವಿಗೇ 'ಟಿಕ್ ಟಿಕ್' ಕೇಳಿಸುವ ವಿಧಾನಕ್ಕೆ ಬುನಾದಿ ಹಾಕಿದ. ಧ್ವನಿಪಥದ ಫಿಲ್ಮಿನಲ್ಲಿ ಲೆಕ್ಕದ ಪ್ರಕಾರ ತೂತು ಕೊರೆದರೆ ಸಾಕು; ಪ್ರತಿ ತೂತೂ ಬೆಳಕನ್ನು ಒಮ್ಮೆಲೇ ಒಳಬಿಟ್ಟು, ಕಿವಿಗೆ ಸಿಕ್ಕಿಸಿದ ಶ್ರವಣಿಯಲ್ಲಿ ಒಂದು 'ಟಿಕ್' ಆಗುತ್ತದೆ.

ಟಾಮ್ ಮತ್ತು ಜೆರ್ರಿಗೆ ಸಂಗೀತ ಕೊಟ್ಟ ಸ್ಕಾಟ್ ಬ್ರಾಡ್ಲಿ ಈ ತಂತ್ರವನ್ನು ಎಲ್ಲಿಗೆ ಒಯ್ದನೆಂದರೆ, ಸಂಭಾಷಣೆಯೇ ಇಲ್ಲದ ಏಳು ಮಿನಿಟು ಪೂರ್ತಿ ವಾದ್ಯವೃಂದವೇ ಮಾತಾಡುತ್ತದೆ. ಕಳ್ಳಹೆಜ್ಜೆಗೆ ಪಿಟೀಲಿನ ಕಮಾನು ಬಿಟ್ಟು ಬೆರಳಲ್ಲಿ ಮೀಟಿದ ಸ್ವರಗಳು, ಬಿದ್ದರೆ ಜಾರಿ ಇಳಿಯುವ ಸ್ವರ, ಕಣ್ಣು ಮಿಟುಕಿಸಿದರೂ ಒಂದು ಜೈಲೊಫೋನಿನ ಪೆಟ್ಟು. 1944ರ ಒಂದು ಚಿತ್ರದಲ್ಲಿ ಶೋನ್‌ಬರ್ಗನ ಹನ್ನೆರಡು ಸ್ವರಗಳ ಪದ್ಧತಿಯನ್ನೂ ಬಳಸಿದ್ದಾನೆ. ಕಛೇರಿಯಲ್ಲಿ ಕೇಳಿದರೆ ದೊಡ್ಡವರೂ ಎದ್ದುಹೋಗುವಂಥ ಸಂಗೀತವದು. ಮಕ್ಕಳು ತುಟಿಪಿಟಕ್ಕೆನ್ನದೆ ಕೇಳಿದರು, ಏಕೆಂದರೆ ಇಲಿ ಓಡುತ್ತಿತ್ತು.

ಹೆಜ್ಜೆಗೆ ಪೆಟ್ಟು ಕೂಡಿಸುವುದು ನಮಗೆ ಹೊಸದೇನಲ್ಲ ಎಂದು ಯಕ್ಷಗಾನ ಬಲ್ಲವರು ಹೇಳಬಹುದು. ನಿಜ. ಆದರೆ ಅಲ್ಲಿ ಚಂಡೆಯವರು ವೇಷಧಾರಿಯ ಕಾಲನ್ನು ನೋಡುತ್ತಾರೆ, ವೇಷಧಾರಿ ಚಂಡೆಯನ್ನು ಕೇಳುತ್ತಾನೆ, ಇಬ್ಬರೂ ಜೀವಂತ. ಕಾರ್ಟೂನಿನಲ್ಲಿ ಒಂದು ಕಡೆ ಒಣ ಕಾಗದವಿದೆ. ಅದು ಯಾರಿಗೂ ಹೊಂದಿಕೊಳ್ಳುವುದಿಲ್ಲ.

ಬೆಳಕು ಮೊದಲು, ಸದ್ದು ಆಮೇಲೆ

ಹಳೆಯ ಫಿಲ್ಮಿನಲ್ಲಿ ಇನ್ನೊಂದು ಸ್ವಾರಸ್ಯವಿದೆ. ಚಿತ್ರಕ್ಕೆ ಸೇರಿದ ಸದ್ದು ಆ ಚಿತ್ರದ ಪಕ್ಕದಲ್ಲೇ ಮುದ್ರಿತವಾಗಿರುವುದಿಲ್ಲ. ಸುಮಾರು 20 ಫ್ರೇಮುಗಳಷ್ಟು ಮುಂದಿರುತ್ತದೆ. ಒಂದು ಫ್ರೇಮಿನ ಎತ್ತರ 19 ಮಿಲಿಮೀಟರು; ಆದ್ದರಿಂದ ಸುಮಾರು 38 ಸೆಂಟಿಮೀಟರು ದೂರ. ಕಾರಣ ಸರಳ. ಚಿತ್ರ ಕಾಣಬೇಕಾದರೆ ಪ್ರತಿ ಫ್ರೇಮೂ ದೀಪದ ಮುಂದೆ ಕ್ಷಣಕಾಲ ನಿಲ್ಲಬೇಕು. ಫಿಲ್ಮು ತಡೆತಡೆದು ಚಲಿಸಬೇಕು. ಸದ್ದು ಕೇಳಬೇಕಾದರೆ ಫಿಲ್ಮು ದ್ಯುತಿಕೋಶದ ಮುಂದೆ ಒಂದೇ ವೇಗದಲ್ಲಿ ಹರಿಯಬೇಕು. ಎರಡೂ ಒಂದೇ ಜಾಗದಲ್ಲಿ ಸಾಧ್ಯವಿಲ್ಲ. ಹಾಗಾಗಿ ನಡುವೆ ಫಿಲ್ಮಿನ ಸಡಿಲ ಕುಣಿಕೆಯೊಂದನ್ನು ಬಿಟ್ಟು ಎರಡು ಕಡೆ ಎರಡು ಬಗೆಯ ಚಲನೆ ಏರ್ಪಡಿಸುತ್ತಿದ್ದರು. ಪ್ರೊಜೆಕ್ಟರಿನವರು ಕುಣಿಕೆಯನ್ನು ಉದ್ದ ಬಿಟ್ಟರೆ ತುಟಿಯೊಂದು ಕಡೆ, ಮಾತೊಂದು ಕಡೆ. ಇಂದಿನ ಡಿಜಿಟಲ್ ಧ್ವನಿಯಲ್ಲಿ ಸೆಕೆಂಡಿಗೆ 48,000 ಮಾದರಿಗಳಿದ್ದರೆ ಒಂದು ಫ್ರೇಮಿಗೆ ಸರಿಯಾಗಿ 2000 ಮಾದರಿ; ಕುಣಿಕೆಯ ಗೋಜೇ ಇಲ್ಲ.

ಇಷ್ಟೆಲ್ಲ ನಿಖರತೆ ಸಾಧಿಸಿ ಚಿತ್ರಮಂದಿರಕ್ಕೆ ಕಳಿಸಿದರೆ, ಅಲ್ಲಿ ಗಾಳಿ ಕೆಡಿಸುತ್ತದೆ. ಧ್ವನಿಯ ವೇಗ ಸೆಕೆಂಡಿಗೆ ಸುಮಾರು 340 ಮೀಟರು. ಒಂದು ಫ್ರೇಮಿನ ಅವಧಿಯಲ್ಲಿ ಅದು ಸಾಗುವ ದೂರ 14 ಮೀಟರಿಗೆ ತುಸು ಹೆಚ್ಚು. ಪರದೆಯಿಂದ 28 ಮೀಟರು ಹಿಂದೆ ಕೂತವರಿಗೆ ಸದ್ದು ಎರಡು ಫ್ರೇಮು ತಡ. ಆದರೂ ಹಿಂದಿನ ಸಾಲಿನವರು ದೂರುವುದಿಲ್ಲ. ದೂರದರ್ಶನ ಪ್ರಸಾರಕ್ಕಾಗಿ ಅಂತರರಾಷ್ಟ್ರೀಯ ದೂರಸಂಪರ್ಕ ಒಕ್ಕೂಟ ಕೊಟ್ಟಿರುವ ಅಂಕಿಗಳು ಹೀಗಿವೆ: ಸದ್ದು ಚಿತ್ರಕ್ಕಿಂತ 45 ಮಿಲಿಸೆಕೆಂಡು ಮುಂಚೆ ಬಂದರೆ ನೋಡುವವರಿಗೆ ಗೊತ್ತಾಗುತ್ತದೆ, ತಡವಾದರೆ 125 ಮಿಲಿಸೆಕೆಂಡಿನವರೆಗೂ ಗೊತ್ತಾಗುವುದಿಲ್ಲ.

ಈ ಅಸಮತೆ ಏಕೆ? ಕೆರೆಯ ಆಚೆ ದಡದಲ್ಲಿ ಬಟ್ಟೆ ಒಗೆಯುವುದನ್ನು ನೋಡಿದವರಿಗೆ ಉತ್ತರ ಗೊತ್ತು. ಬಟ್ಟೆ ಕಲ್ಲಿಗೆ ಬಿದ್ದದ್ದು ಮೊದಲು ಕಾಣುತ್ತದೆ, ಸದ್ದು ಆಮೇಲೆ ಬರುತ್ತದೆ. ಪ್ರಕೃತಿಯಲ್ಲಿ ಸದ್ದು ಬೆಳಕಿಗಿಂತ ಮೊದಲು ಬರುವ ಸಂದರ್ಭವೇ ಇಲ್ಲ. ತಡವಾದ ಸದ್ದನ್ನು ಕಂಡ ಘಟನೆಗೆ ಜೋಡಿಸಿಕೊಳ್ಳಲು ಮಿದುಳಿಗೆ ಅಭ್ಯಾಸವಿದೆ. ಮುಂಚೆ ಬಂದ ಸದ್ದು ಅದಕ್ಕೆ ಬೇರೆಯದೇ ಘಟನೆ. ಶಾಲೆಯ ಸ್ಮಾರ್ಟ್ ಫಲಕಕ್ಕೆ ಬ್ಲೂಟೂತ್ ಸ್ಪೀಕರು ಜೋಡಿಸಿ ಚಿತ್ರ ತೋರಿಸುವ ಶಿಕ್ಷಕರು ಇದನ್ನು ಗಮನಿಸಬೇಕು. ಆ ಕೊಂಡಿಯಲ್ಲಿ ಸದ್ದು ನೂರಿನ್ನೂರು ಮಿಲಿಸೆಕೆಂಡು ಹಿಂದೆ ಬೀಳಬಹುದು. ಕೆಲವು ಉಪಕರಣಗಳು ಚಿತ್ರವನ್ನೂ ಅಷ್ಟೇ ತಡಮಾಡಿ ಸರಿಪಡಿಸಿಕೊಳ್ಳುತ್ತವೆ; ಸರಿಪಡಿಸದಿದ್ದರೆ ಪಾಠದ ವೀಡಿಯೊ ಏಕೋ 'ಸತ್ತಂತೆ' ಕಾಣುತ್ತದೆ, ಮಕ್ಕಳಿಗೆ ಕಾರಣ ಹೇಳಲು ಬರುವುದಿಲ್ಲ. ಒಂದು ತಂತಿ ಸಿಕ್ಕಿಸಿದರೆ ಮುಗಿಯಿತು.

ಸಂಗೀತ ಮೊದಲು, ಚಿತ್ರ ಆಮೇಲೆ

ಬ್ರಾಡ್ಲಿ, ಸ್ಟಾಲಿಂಗ್ ಮುಂತಾದವರು ಕಥೆಗೆ ತಕ್ಕಂತೆ ಸಂಗೀತ ಬರೆದರು. ತಿರುವುಮುರುವಾಗಿ, ಇದ್ದ ಸಂಗೀತಕ್ಕೆ ತಕ್ಕಂತೆ ಚಿತ್ರ ಬರೆದ ದೊಡ್ಡ ಸಾಹಸ 1940ರ 'ಫ್ಯಾಂಟೇಸಿಯಾ'. ಅದರ ಬೀಜ 'ಮಾಂತ್ರಿಕನ ಶಿಷ್ಯ' ಎಂಬ ಭಾಗ. ಗಯಟೆ 1797ರಲ್ಲಿ ಬರೆದ ಕವಿತೆಯನ್ನು ಆಧರಿಸಿ ಪಾಲ್ ದ್ಯೂಕಾ 1897ರಲ್ಲಿ ವಾದ್ಯವೃಂದಕ್ಕಾಗಿ ರಚಿಸಿದ ಕೃತಿಯದು. ನೀರು ಹೊರಲು ಮಾಡಿದ ಪೊರಕೆ ಮಾತು ಕೇಳದೆ ಹೋದಾಗ ಶಿಷ್ಯ ಅದನ್ನು ಕೊಡಲಿಯಿಂದ ಕಡಿಯುತ್ತಾನೆ. ಮೌನ. ಆಮೇಲೆ ವಾದ್ಯವೃಂದದ ಅತಿ ತಗ್ಗುದನಿಯ ಕಾಂಟ್ರಾಬಸೂನ್ ತಡವರಿಸುತ್ತ ಏಳುತ್ತದೆ. ಸ್ವಲ್ಪದರಲ್ಲೇ ಬಾಸ್ ಕ್ಲಾರಿನೆಟ್ ಅದೇ ಧಾಟಿಯಲ್ಲಿ ಅದರ ಬೆನ್ನು ಹತ್ತುತ್ತದೆ. ತುಂಡುಗಳು ಜೀವ ತಳೆಯುತ್ತಿವೆ ಎಂಬುದನ್ನು ದ್ಯೂಕಾ ಎರಡು ವಾದ್ಯಗಳಲ್ಲಿ ಹೇಳಿದ್ದ. ಡಿಸ್ನಿಯ ಚಿತ್ರಕಾರರು ಅದೇ ಸ್ವರಗಳಿಗೆ ಸರಿಯಾಗಿ ಚೂರುಗಳನ್ನು ಎಬ್ಬಿಸಿ ನಿಲ್ಲಿಸಿದರು. ಒಮ್ಮೆ ನೋಡಿದವರಿಗೆ ಆಮೇಲೆ ಆ ಬಸೂನನ್ನು ಪೊರಕೆಯಿಲ್ಲದೆ ಕೇಳುವುದು ಅಸಾಧ್ಯ. ಇದು ಸಂಗೀತಕ್ಕೆ ಮಾಡಿದ ಅನ್ಯಾಯ ಎನ್ನುವವರೂ ಇದ್ದಾರೆ. ಅವರ ಮಾತಿನಲ್ಲಿ ಹುರುಳಿದೆ.

'ಮಾಂತ್ರಿಕನ ಶಿಷ್ಯ'ದ ಸಂಗೀತವನ್ನು 1938ರಲ್ಲೇ ಹಾಲಿವುಡ್ಡಿನ ವಾದ್ಯಗಾರರಿಂದ ಮುದ್ರಿಸಿಕೊಂಡಿದ್ದರು. ಚಿತ್ರದ ಉಳಿದ ಬಹುಪಾಲನ್ನು ನಿರ್ದೇಶಕ ಲಿಯೊಪೋಲ್ಡ್ ಸ್ಟೊಕೋವ್‌ಸ್ಕಿ 1939ರಲ್ಲಿ ಫಿಲಡೆಲ್ಫಿಯಾ ವಾದ್ಯವೃಂದದೊಂದಿಗೆ ಮುದ್ರಿಸಿದರು. ಮಂದಿರದಲ್ಲಿ ವಾದ್ಯಗಳು ಬೇರೆಬೇರೆ ದಿಕ್ಕಿನಿಂದ ಕೇಳಬೇಕು, ಪಿಸುಮಾತಿನಿಂದ ಸಿಡಿಲಿನವರೆಗೆ ಸದ್ದು ಏರಬೇಕು ಎಂಬುದು ಆಸೆ. ಆ ಕಾಲದ ಫಿಲ್ಮಿನ ಧ್ವನಿಪಥಕ್ಕೆ ಅಷ್ಟು ಹರವಿರಲಿಲ್ಲ. ಆದ್ದರಿಂದ 'ಫ್ಯಾಂಟಾಸೌಂಡ್' ಎಂಬ ವ್ಯವಸ್ಥೆಯಲ್ಲಿ ಧ್ವನಿಗೇ ಪ್ರತ್ಯೇಕ ಫಿಲ್ಮು. ಅದರಲ್ಲಿ ಮೂರು ಧ್ವನಿಪಥಗಳು, ಜೊತೆಗೆ ನಾಲ್ಕನೆಯದೊಂದು ನಿಯಂತ್ರಣ ಪಥ. ಈ ನಾಲ್ಕನೆಯದು ಯಾರಿಗೂ ಕೇಳುವುದಿಲ್ಲ. ಅದರಲ್ಲಿನ ಸಂಕೇತಗಳು ಮಂದಿರದ ವರ್ಧಕಗಳ ಲಾಭವನ್ನು ಏರಿಸುತ್ತವೆ, ಇಳಿಸುತ್ತವೆ. ಉಪಕರಣಗಳ ವೆಚ್ಚ ವಿಪರೀತವಾಗಿ ಕೆಲವೇ ನಗರಗಳಲ್ಲಿ ಅದು ಕೇಳಿಸಿತು, ಯುದ್ಧದಿಂದ ಯೂರೋಪಿನ ಮಾರುಕಟ್ಟೆ ಮುಚ್ಚಿಹೋಗಿತ್ತು, ಚಿತ್ರ ನಷ್ಟ ಅನುಭವಿಸಿತು.

ಈ ನಷ್ಟದ ಕಥೆಯಲ್ಲಿ ಭೌತವಿಜ್ಞಾನದವರು ಬಿಡಬಾರದ ಒಂದು ಅಡಿಟಿಪ್ಪಣಿಯಿದೆ. ಫ್ಯಾಂಟಾಸೌಂಡನ್ನು ಪರೀಕ್ಷಿಸಲು ಡಿಸ್ನಿ ಸ್ಟುಡಿಯೊ ಎಂಟು ಶ್ರವ್ಯ ಆಂದೋಲಕಗಳನ್ನು ಕೊಂಡಿತು. ತಯಾರಿಸಿದವರು ವಿಲಿಯಂ ಹ್ಯೂಲೆಟ್ ಮತ್ತು ಡೇವಿಡ್ ಪ್ಯಾಕರ್ಡ್, 1939ರಲ್ಲಷ್ಟೇ ಶುರುವಾಗಿದ್ದ ಕಂಪನಿಯ ಇಬ್ಬರು ತರುಣರು. ಪದವಿ ಪ್ರಯೋಗಾಲಯದಲ್ಲಿ ನಾವು ಜೋಡಿಸುವ ವೀನ್ ಸೇತುವೆ ಆಂದೋಲಕವೇ ಅದು. ಅದರ ಪಾರ ಏರುತ್ತ ಹೋಗದಂತೆ ಹ್ಯೂಲೆಟ್ ಮಾಡಿದ ಉಪಾಯ ಒಂದು ಪುಟ್ಟ ವಿದ್ಯುದ್ದೀಪ. ಪಾರ ಹೆಚ್ಚಾದರೆ ದೀಪದ ತಂತು ಬಿಸಿಯಾಗುತ್ತದೆ, ಅದರ ರೋಧ ಏರುತ್ತದೆ, ವರ್ಧಕದ ಲಾಭ ತಾನೇ ಇಳಿಯುತ್ತದೆ. ಬೆಲೆ 71 ಡಾಲರು 50 ಸೆಂಟು.

ಸದ್ದು ಕಣ್ಣನ್ನು ತಿದ್ದುತ್ತದೆ

ಕೂಡಿಕೊಂಡ ಸದ್ದು ಚಿತ್ರಕ್ಕೆ ಅಲಂಕಾರವಲ್ಲ. ಕಾಣುವುದನ್ನೇ ಅದು ಬದಲಿಸುತ್ತದೆ. 1944ರಲ್ಲಿ ಫ್ರಿಟ್ಜ್ ಹೈಡರ್ ಮತ್ತು ಮರಿಯಾನ್ನ ಸಿಮ್ಮೆಲ್ ಒಂದು ಚಿಕ್ಕ ಅನಿಮೇಷನ್ ತಯಾರಿಸಿದರು. ಅದರಲ್ಲಿ ಎರಡು ತ್ರಿಕೋನ, ಒಂದು ವೃತ್ತ ಓಡಾಡುತ್ತವೆ, ಅಷ್ಟೆ. ನೋಡಿದವರಲ್ಲಿ ಹೆಚ್ಚಿನವರು ವರ್ಣಿಸಿದ್ದು ರೇಖಾಗಣಿತವನ್ನಲ್ಲ. ದೊಡ್ಡ ತ್ರಿಕೋನ ಪುಂಡ, ಚಿಕ್ಕದು ಧೈರ್ಯಶಾಲಿ, ವೃತ್ತ ಹೆದರಿದೆ ಎಂಬ ಕಥೆಯನ್ನು! 1988ರಲ್ಲಿ ಸಾಂಡ್ರಾ ಮಾರ್ಷಲ್ ಮತ್ತು ಅನಾಬೆಲ್ ಕೋಹೆನ್ ಅದೇ ಚಿತ್ರಕ್ಕೆ ಬೇರೆಬೇರೆ ಸಂಗೀತ ಹಚ್ಚಿ ತೋರಿಸಿದರು. ಸಂಗೀತ ಬದಲಾದಂತೆ ಆ ಆಕೃತಿಗಳ 'ಸ್ವಭಾವ'ದ ಬಗ್ಗೆ ನೋಡುಗರ ತೀರ್ಪೂ ಬದಲಾಯಿತು.

ಇನ್ನೂ ಸರಳವಾದದ್ದು 1997ರಲ್ಲಿ ಸೆಕ್ಯುಲರ್ ಮತ್ತು ಸಂಗಡಿಗರು ಮಾಡಿದ ಪ್ರಯೋಗ. ಎರಡು ಬಿಲ್ಲೆಗಳು ಎದುರುಬದುರಾಗಿ ಬಂದು ಒಂದರ ಮೇಲೊಂದು ಹಾದು ಮುಂದೆ ಹೋಗುತ್ತವೆ. ಸದ್ದಿಲ್ಲದಿದ್ದರೆ ಹೆಚ್ಚಾಗಿ ಹಾದುಹೋದಂತೆ ಕಾಣುತ್ತದೆ. ಕೂಡಿದ ಕ್ಷಣದಲ್ಲಿ 'ಟಿಕ್' ಎಂದು ಸಣ್ಣ ಸದ್ದು ಕೊಟ್ಟರೆ ಅವೇ ಬಿಲ್ಲೆಗಳು ಡಿಕ್ಕಿಹೊಡೆದು ಹಿಮ್ಮರಳಿದಂತೆ ಕಾಣುವುದು ಹೆಚ್ಚುತ್ತದೆ. ಕಣ್ಣಿಗೆ ಬಿದ್ದ ಬೆಳಕು ಎರಡೂ ಸಲ ಒಂದೇ. ಶಾಲೆಯ ಗಣಕಯಂತ್ರದಲ್ಲಿ ಸ್ಲೈಡು ತಯಾರಿಸುವ ಯಾವುದೇ ತಂತ್ರಾಂಶದಿಂದ ಇದನ್ನು ಅರ್ಧ ಗಂಟೆಯಲ್ಲಿ ಮಾಡಬಹುದು. ಎರಡು ಕಪ್ಪು ಬಿಲ್ಲೆ, ಎರಡು ಸೆಕೆಂಡಿನ ಚಲನೆ, ಒಂದು 'ಟಿಕ್'. ಮಕ್ಕಳು ಪರಸ್ಪರ ಮಾತಾಡಿಕೊಳ್ಳುವ ಮೊದಲು ಚೀಟಿಯಲ್ಲಿ ಉತ್ತರ ಬರೆಸಿಕೊಳ್ಳಿ. 'ಟಿಕ್' ಅನ್ನು ಅರ್ಧ ಸೆಕೆಂಡು ಸರಿಸಿ ಮತ್ತೆ ತೋರಿಸಿ. ಡಿಕ್ಕಿ ಮಾಯವಾಗತೊಡಗುತ್ತದೆ.

ಬಿದ್ದರೆ ಸ್ವರ ಇಳಿಯಬೇಕು, ಏರಿದರೆ ಏರಬೇಕು ಎಂಬುದು ಬ್ರಾಡ್ಲಿಯ ಹುಚ್ಚಾಟವೂ ಅಲ್ಲ. 2010ರಲ್ಲಿ ಪ್ರಕಟವಾದ ಒಂದು ಅಧ್ಯಯನದಲ್ಲಿ ಮೂರು-ನಾಲ್ಕು ತಿಂಗಳ ಹಸುಗೂಸುಗಳಿಗೆ ಮೇಲೆ ಕೆಳಗೆ ಆಡುವ ಚೆಂಡಿನ ಅನಿಮೇಷನ್ ತೋರಿಸಿದರು. ಚೆಂಡಿನೊಡನೆ ಸ್ವರವೂ ಏರಿ ಇಳಿದಾಗ ಕೂಸುಗಳು ಹೆಚ್ಚು ಹೊತ್ತು ನೋಡಿದವು. ಅಂದರೆ 'ತಾರ', 'ಮಂದ್ರ' ಎಂಬ ಮಾತು ಕಲಿಯುವುದಕ್ಕೆ ಬಹಳ ಮೊದಲೇ ಎತ್ತರದ ಸ್ವರ ಮೇಲಿದೆ ಎಂಬ ಜೋಡಣೆ ಮಿದುಳಿನಲ್ಲಿದೆ. ಕಾರ್ಟೂನು ಆ ಸಿದ್ಧ ಕಾಲುವೆಯಲ್ಲಿ ನೀರು ಹರಿಸಿತು.

ಚೂರಿನಿಂದ ಇಡಿ

ಇನ್ನು ನೆನಪಿಗೆ ಬರೋಣ. ಕಂಡದ್ದು, ಕೇಳಿದ್ದು, ಆ ಹೊತ್ತಿನ ಜಾಗ, ಜೊತೆಗಿದ್ದವರು ಇವೆಲ್ಲ ಮಿದುಳಿನ ಬೇರೆಬೇರೆ ಭಾಗಗಳಲ್ಲಿ ಎಚ್ಚರಗೊಳ್ಳುವ ನರಕೋಶಗಳ ವಿನ್ಯಾಸಗಳು. ಒಂದೇ ಹೊತ್ತಿನಲ್ಲಿ ಎಚ್ಚರಗೊಂಡವನ್ನು ಕಟ್ಟುಹಾಕಿ ಒಂದು ಪ್ರಸಂಗವಾಗಿ ಮಾಡುವ ಕೆಲಸದಲ್ಲಿ ಹಿಪೊಕ್ಯಾಂಪಸ್ ಎಂಬ ಭಾಗದ ಪಾತ್ರ ದೊಡ್ಡದು. ಮುಂದೆಂದೋ ಆ ಕಟ್ಟಿನ ಒಂದು ಎಳೆ ಎಳೆದರೆ ಉಳಿದದ್ದೂ ಬರುತ್ತದೆ. ನೆನಪಿಟ್ಟುಕೊಂಡಾಗ ಜೊತೆಗಿದ್ದ ಸುಳಿವೇ ನೆನಪು ಮಾಡಿಕೊಳ್ಳಲು ಒಳ್ಳೆಯ ಸುಳಿವು ಎಂದು ಎಂಡೆಲ್ ಟಲ್ವಿಂಗ್ ಮತ್ತು ಡೊನಾಲ್ಡ್ ಥಾಮ್ಸನ್ 1973ರಲ್ಲಿ ನಿರೂಪಿಸಿದರು.

ಚೂರು ಕೊಟ್ಟರೆ ಇಡಿಯನ್ನು ಕೊಡುವ ಇಂಥ ಸ್ಮೃತಿಗೆ ಭೌತವಿಜ್ಞಾನಿ ಜಾನ್ ಹಾಪ್‌ಫೀಲ್ಡ್ 1982ರಲ್ಲಿ ಒಂದು ಗಣಿತ ಮಾದರಿ ಕೊಟ್ಟರು. 2024ರ ಭೌತವಿಜ್ಞಾನದ ನೊಬೆಲ್ ಪಾರಿತೋಷಕ ಅವರಿಗೂ ಜೆಫ್ರಿ ಹಿಂಟನ್ ಅವರಿಗೂ ಸಂದಾಗ ಈ ಕೆಲಸವೇ ಎದುರಿಗಿತ್ತು. ಕಾಂತೀಯ ವಸ್ತುಗಳಲ್ಲಿ ಪರಮಾಣುಗಳ ಗಿರಕಿಗಳು ನೆರೆಹೊರೆಯನ್ನು ನೋಡಿ ಮೇಲೆ ಅಥವಾ ಕೆಳಗೆ ಮುಖಮಾಡುವಂತೆ, ಇಲ್ಲಿ ಒಂದೊಂದು ನರಕೋಶವೂ ಉಳಿದವನ್ನು ನೋಡಿ 'ಹೌದು' ಅಥವಾ 'ಇಲ್ಲ' ಆಗುತ್ತದೆ. ಒಟ್ಟಿಗೆ ಎಚ್ಚರಗೊಂಡ ಕೋಶಗಳ ನಡುವಿನ ಬಂಧ ಬಲಗೊಳ್ಳುತ್ತದೆ. ಶಕ್ತಿಯ ನಕ್ಷೆ ಬರೆದರೆ ಒಂದೊಂದು ನೆನಪೂ ಒಂದು ಕಣಿವೆ. ಇಳಿಜಾರಿನಲ್ಲಿ ಎಲ್ಲೋ ಒಂದು ಕಡೆ ಗೋಲಿಯನ್ನಿಟ್ಟರೆ, ಅಂದರೆ ನೆನಪಿನ ಒಂದು ಚೂರು ಕೊಟ್ಟರೆ, ಅದು ಉರುಳಿ ಹತ್ತಿರದ ಕಣಿವೆಯ ತಳ ಸೇರುತ್ತದೆ. ಇಡೀ ನೆನಪು ಮರಳುತ್ತದೆ.

ಕಾರ್ಟೂನಿನ ಮಹಿಮೆ ಈಗ ಅರ್ಥವಾಗುತ್ತದೆ. ಪೆಟ್ಟಿಗೆ ಪೆಟ್ಟು ಕೂಡಿದ ಸದ್ದೂ ಚಿತ್ರವೂ ಪ್ರತಿ ಕ್ಷಣ ಒಟ್ಟಿಗೆ ಎಚ್ಚರಗೊಳ್ಳುತ್ತವೆ. ಮಕ್ಕಳು ಒಂದೇ ಕಾರ್ಟೂನನ್ನು ಮೂವತ್ತು ಸಲ, ಅದೇ ಚಾಪೆ, ಅದೇ ತಟ್ಟೆ, ಅದೇ ಬೈಗುಳದ ನಡುವೆ ನೋಡುತ್ತಾರೆ. ಬಂಧ ಮತ್ತೆಮತ್ತೆ ಬಿಗಿಯುತ್ತದೆ, ಕಣಿವೆ ಆಳವಾಗುತ್ತದೆ. ಆಮೇಲೆ ಬದುಕಿನಲ್ಲಿ ಆ ಸಂಗೀತ ಬೇರೆಲ್ಲೂ ಕಿವಿಗೆ ಬೀಳುವುದಿಲ್ಲವಾದ್ದರಿಂದ ಬೇರೆ ಅರ್ಥಗಳು ಅದರ ಮೇಲೆ ಕೂರುವುದಿಲ್ಲ. ಸ್ಟ್ರೌಸನ ಸಂಗೀತ ವಿಯೆನ್ನಾದವರಿಗೆ ನೂರು ಸಂದರ್ಭ ನೆನಪಿಸೀತು. ನನ್ನ ವಿದ್ಯಾರ್ಥಿಗೆ ಒಂದನ್ನೇ.

ಕ್ಯಾಲಿಫೋರ್ನಿಯಾ ವಿಶ್ವವಿದ್ಯಾಲಯದ ಡೇವಿಸ್ ಕೇಂದ್ರದಲ್ಲಿ ಪೀಟರ್ ಜನಾಟ 2009ರಲ್ಲಿ ಪ್ರಕಟಿಸಿದ ಸಂಶೋಧನೆಯೂ ಇಲ್ಲಿ ಉಲ್ಲೇಖನೀಯ. ಯುವಕ ಯುವತಿಯರಿಗೆ ಅವರ ಬಾಲ್ಯ ಮತ್ತು ಹದಿಹರೆಯದ ಜನಪ್ರಿಯ ಹಾಡುಗಳ ತುಣುಕು ಕೇಳಿಸಿ ಮಿದುಳಿನ ಚಟುವಟಿಕೆಯ ಚಿತ್ರ ತೆಗೆದರು. ಸ್ವಂತ ಬದುಕಿನ ನೆನಪು ತಂದ ಹಾಡುಗಳಿಗೆ ಹಣೆಯ ಹಿಂದಿನ ಮಧ್ಯಭಾಗದ ತೊಗಟೆ ಹೆಚ್ಚು ಸ್ಪಂದಿಸಿತು. ಆ ಭಾಗದಲ್ಲೇ ಹಾಡಿನ ಸ್ವರಸಂಚಾರವನ್ನು ಹಿಂಬಾಲಿಸುವ ಚಟುವಟಿಕೆಯೂ ಕಂಡಿತು. ಆಲ್ಜೈಮರ್ ಕಾಯಿಲೆಯಲ್ಲಿ ಈ ಭಾಗ ತುಲನಾತ್ಮಕವಾಗಿ ತಡವಾಗಿ ಸೊರಗುತ್ತದೆ. ಹೆಸರು ಮರೆತ ಹಿರಿಯರು ಹಳೆಯ ಹಾಡಿಗೆ ಕಣ್ಣರಳಿಸುವುದಕ್ಕೆ ಇದೂ ಒಂದು ಕಾರಣವಿರಬಹುದು.

ತಪ್ಪು ಕಣಿವೆ

ಹಾಪ್‌ಫೀಲ್ಡ್ ಮಾದರಿಗೆ ಒಂದು ಕುಖ್ಯಾತ ದೋಷವಿದೆ. ಹಲವು ನೆನಪುಗಳನ್ನು ತುಂಬಿದರೆ, ಯಾರೂ ತೋಡದ ಕಣಿವೆಗಳೂ ಹುಟ್ಟಿಕೊಳ್ಳುತ್ತವೆ. ಎರಡು ಮೂರು ನಿಜ ನೆನಪುಗಳ ಬೆರಕೆ ಅವು. ಗೋಲಿ ಅಲ್ಲಿಗೆ ಉರುಳಿದರೂ ಅಷ್ಟೇ ನಿಶ್ಚಲವಾಗಿ ನಿಲ್ಲುತ್ತದೆ. ತಾನು ತಪ್ಪು ಕಣಿವೆಯಲ್ಲಿದ್ದೇನೆ ಎಂದು ಅದಕ್ಕೆ ತಿಳಿಯುವ ದಾರಿಯಿಲ್ಲ.

ಮನುಷ್ಯರಲ್ಲೂ ಇಂಥದು ನಡೆಯುತ್ತದೆ ಎಂಬುದಕ್ಕೆ ಕಾರ್ಟೂನಿನದೇ ಉದಾಹರಣೆಯಿದೆ. ಕ್ಯಾಥರಿನ್ ಬ್ರೌನ್, ರಿಯಾನನ್ ಎಲ್ಲಿಸ್ ಮತ್ತು ಎಲಿಜಬೆತ್ ಲಾಫ್ಟಸ್ 2002ರಲ್ಲಿ ಒಂದು ಪ್ರಯೋಗ ಪ್ರಕಟಿಸಿದರು. ಡಿಸ್ನಿಲ್ಯಾಂಡಿಗೆ ಹೋದ ಮಗು ಅಲ್ಲಿ ಬಗ್ಸ್ ಬನ್ನಿ ಎಂಬ ಮೊಲದ ಕೈಕುಲುಕುವ ಜಾಹೀರಾತನ್ನು ಕೆಲವರಿಗೆ ಓದಲು ಕೊಟ್ಟರು. ಆಮೇಲೆ ಅವರಲ್ಲಿ ಸುಮಾರು ಶೇ. 16ರಷ್ಟು ಮಂದಿ, ತಾವೂ ಬಾಲ್ಯದಲ್ಲಿ ಡಿಸ್ನಿಲ್ಯಾಂಡಿನಲ್ಲಿ ಬಗ್ಸ್ ಬನ್ನಿಯನ್ನು ಕಂಡಿದ್ದೆವು ಎಂದರು. ಅದು ಸಾಧ್ಯವೇ ಇಲ್ಲ. ಬಗ್ಸ್ ಬನ್ನಿ ಡಿಸ್ನಿಯ ಪಾತ್ರವಲ್ಲ, ಎದುರಾಳಿ ವಾರ್ನರ್ ಕಂಪನಿಯ ಪಾತ್ರ. ಬಾಲ್ಯಸ್ಮರಣೆಯನ್ನು ಕೆರಳಿಸಿ ಸರಕು ಮಾರುವ ಜಾಹೀರಾತುಗಳ ಬಗ್ಗೆ ಈ ಅಂಕಿ ಏನು ಹೇಳುತ್ತದೆ ಎಂದು ತರಗತಿಯಲ್ಲಿ ಚರ್ಚಿಸಬಹುದು.

ನಾನೂ ಇದಕ್ಕೆ ಹೊರತಲ್ಲ. 1985ರ ಬೇಸಿಗೆ ರಜೆ. ನಾನಾಗ ಏಳನೆಯ ತರಗತಿ ಮುಗಿಸಿದ್ದೆ. ಪಕ್ಕದ ಮನೆಯವರು ಒಂದು ರಾತ್ರಿಗೆಂದು ವಿಸಿಆರ್ ಬಾಡಿಗೆಗೆ ತಂದಿದ್ದರು. ಸಿನಿಮಾ ಮುಗಿದ ಮೇಲೆ ಕ್ಯಾಸೆಟ್ಟಿನ ಕೊನೆಯಲ್ಲಿ ಉಳಿದ ಜಾಗಕ್ಕೆ ಯಾರೋ ಕಾರ್ಟೂನು ತುಂಬಿದ್ದರು. ಹಾಲಿವುಡ್ ಬೌಲಿನ ಟಾಮ್ ಮತ್ತು ಜೆರ್ರಿಯನ್ನು ನಾನು ಮೊದಲು ಕಂಡದ್ದು ಅಲ್ಲಿ, ಬೀದಿಯ ಇಪ್ಪತ್ತು ಮಂದಿಯ ನಡುವೆ. ಟಾಮ್‌ನ ನೀಲಿ ಬೆರೆತ ಬೂದುಬಣ್ಣ, ಜೆರ್ರಿಯ ಕಂದುಬಣ್ಣ, ಎರಡೂ ಕಣ್ಣಿಗೆ ಕಟ್ಟಿದಂತಿವೆ. ತರಗತಿಯಲ್ಲಿ ಈ ಕಥೆಯನ್ನು ಎಷ್ಟೋ ಸಲ ಹೇಳಿದ್ದೇನೆ.

ಈ ಲೇಖನ ಬರೆಯುವಾಗ ಅಕ್ಕನಿಗೆ ಫೋನು ಮಾಡಿ, ಆ ರಾತ್ರಿ ನೆನಪಿದೆಯೇ ಎಂದು ಕೇಳಿದೆ. ಅವಳಿಗೆ ಚೆನ್ನಾಗಿ ನೆನಪಿತ್ತು. "ಬಣ್ಣ ಎಲ್ಲಿಂದ ಬಂತೋ ನಿಂಗೆ? ಅವರ ಮನೇಲಿದ್ದಿದ್ದು ಕಪ್ಪು-ಬಿಳುಪು ಟಿವಿ. ಕಲರ್ ಟಿವಿ ಬಾಡಿಗೆಗೆ ದುಡ್ಡು ಸಾಲದೆ ಬರೀ ವಿಸಿಆರ್ ತಂದಿದ್ರು. ಅದಕ್ಕೇ ಅವರ ಮನೆ ಹುಡುಗ ಅತ್ತಿದ್ದ," ಎಂದಳು. ಅಳುವ ಹುಡುಗ ಒಡನೆಯೇ ನನಗೂ ನೆನಪಾದ. ಬಣ್ಣ ನಾನು ಮುಂದೆಂದೋ ನೋಡಿದ ಬೇರೆ ಪ್ರದರ್ಶನದ್ದಿರಬೇಕು.

ಆ ದಿನ ಸಂಜೆ ಗಣಕಯಂತ್ರದಲ್ಲಿ ಅದೇ ಕಾರ್ಟೂನು ಹಾಕಿ, ಬಣ್ಣವನ್ನು ಪೂರ್ತಿ ತೆಗೆದು, ಕಪ್ಪು-ಬಿಳುಪಿನಲ್ಲಿ ನೋಡಿದೆ. ಮುಂದೆ ಏನು ಬರುತ್ತದೆಂದು ಪ್ರತಿ ಪೆಟ್ಟಿಗೂ ಗೊತ್ತಿತ್ತು. ನಲವತ್ತು ವರ್ಷದ ನಂತರವೂ ತಾಳ ಒಂದು ಫ್ರೇಮೂ ತಪ್ಪಲಿಲ್ಲವೇನೋ ಅನ್ನಿಸಿತು. ಮುಗಿದ ಮೇಲೆ ಕಣ್ಣು ಮುಚ್ಚಿ ನೆನೆಸಿಕೊಂಡೆ. ಜೆರ್ರಿ ಮತ್ತೆ ಕಂದುಬಣ್ಣಕ್ಕೆ ತಿರುಗಿದ್ದ.